ಹಂಪಿಯ ಸ್ನಾನಗೃಹ ರಾಣಿಯರದೇ?

ಪ್ರಶ್ನೆ: ನಿಮ್ಮ ‘ನಿಮಗಿದು ಗೊತ್ತೇ?’ ಚೌಕದಲ್ಲಿ ಹಂಪಿಯ ರಾಣಿಯರ ಸ್ನಾನಗೃಹದ ಬಗ್ಗೆ ಎರಡು ಸಾಲು ಓದಿದೆ. ‘ರಾಣಿಯರ ಸ್ನಾನಗೃಹ ಎಂದು ಹೆಸರಾದ ಕಟ್ಟಡ’ ಎಂದು ಸುತ್ತಿ ಬಳಸಿ ಬರೆದಿದ್ದೀರಿ. ಅಚ್ಯುತರಾಯ ಅದನ್ನು ರಾಣಿಯರಿಗಾಗಿ ಕಟ್ಟಿಸಿದನೆಂದು ಹಂಪಿಯಲ್ಲಿ ನಾನೇ ಕೇಳಿದ್ದೇನೆ. ನೇರವಾಗಿ ಹಾಗೇ ಬರೆಯಲು ಏನಡ್ಡಿ? ಇಷ್ಟು ಚಿಕ್ಕ ಸಾಲಿನ ಪದಗಳನ್ನು ಯಾರು, ಹೇಗೆ ತೀರ್ಮಾನಿಸುತ್ತಾರೆ?

ಉತ್ತರ: ಅಡ್ಡಿ ಇದೆ. ಇಂಥವರು ಇಂಥವರಿಗಾಗಿ ಕಟ್ಟಿಸಿದರು ಎಂದು ಆ ಗೋಡೆಗಳ ಮೇಲೆ ಎಲ್ಲೂ ಬರೆದಿಲ್ಲ. ದೇವಾಲಯಗಳ ಮಟ್ಟಿಗೆ ಹಂಪಿ ಧಾರಾಳಿ. ಉದಯಗಿರಿಯಿಂದ ತಂದ ಬಾಲಕೃಷ್ಣನ ವಿಗ್ರಹವನ್ನು ಕೃಷ್ಣದೇವರಾಯ 1515ರಲ್ಲಿ ಪ್ರತಿಷ್ಠಾಪಿಸಿದ್ದನ್ನು ಕೃಷ್ಣ ದೇವಾಲಯದ ಶಾಸನ ಹೇಳುತ್ತದೆ. ಅಚ್ಯುತರಾಯನ ಕಾಲದ ತಿರುವೆಂಗಳನಾಥ ದೇವಾಲಯ 1534ರದು ಎಂದು ಧೈರ್ಯವಾಗಿ ಬರೆಯಬಹುದು. ದೇವರಿಗೆ ಕೊಟ್ಟದ್ದನ್ನು ಕಲ್ಲಿನಲ್ಲಿ ಕೆತ್ತಿಸುವ ರೂಢಿಯಿತ್ತು. ಅರಮನೆಯವರು ಮಿಂದು, ಮಲಗಿ, ಹರಟುತ್ತಿದ್ದ ಕಟ್ಟಡಗಳಿಗೆ ಆ ಭಾಗ್ಯವಿರಲಿಲ್ಲ.

ಚೌಕಕ್ಕೆಂದು ಮೊದಲು ಬಂದ ಸಾಲು ಹೆಚ್ಚುಕಡಿಮೆ ನೀವು ಕೇಳಿದ್ದೇ ಆಗಿತ್ತು: ‘ಹಂಪಿಯಲ್ಲಿ ಅಚ್ಯುತರಾಯ ತನ್ನ ರಾಣಿಯರಿಗಾಗಿ 15 ಮೀಟರ್ ಚದರದ ಈಜುಕೊಳ ಕಟ್ಟಿಸಿದ್ದ; ಅದರ ನೀರಿನಲ್ಲಿ ಸುಗಂಧ ತೈಲ, ಹೂವು ತೇಲುತ್ತಿದ್ದವು.’ ಓದಲು ಸೊಗಸು, ಚಿತ್ರವೂ ಕಣ್ಣಿಗೆ ಕಟ್ಟುತ್ತದೆ. ನಮ್ಮಲ್ಲಿ ಇಂಥ ಸಾಲು ಬರೆದವರ ಕೈಯಿಂದ ನೇರ ಪುಟಕ್ಕೆ ಹೋಗುವುದಿಲ್ಲ. ಮೇಜಿನ ಸುತ್ತ ಮೂರ್ನಾಲ್ಕು ಜನ ಕೂರುತ್ತೇವೆ. ಬರೆದವರು ಓದುತ್ತಾರೆ, ಮಾಹಿತಿ ಪರಿಶೀಲಿಸುವವರು ತಡೆಯುತ್ತಾರೆ, ಭಾಷೆ ತಿದ್ದುವವರು ಪದ ಕತ್ತರಿಸುತ್ತಾರೆ, ಪುಟ ಕಟ್ಟುವವರು ಎಷ್ಟು ಜಾಗ ಇದೆ ಎಂದು ನೆನಪಿಸುತ್ತಾರೆ. ಈ ಸಾಲಿಗೆ ಮೊದಲ ತಡೆ ಬಂದದ್ದು ಹೂವಿನ ಹತ್ತಿರ. ‘ತೇಲುತ್ತಿದ್ದ ಹೂವನ್ನು ಕಂಡು ಬರೆದವರು ಯಾರು?’

ಆ ಪ್ರಶ್ನೆ ಬಂದ ಮೇಲೆ ಸಾಲು ಬಿಡಿಬಿಡಿಯಾಯಿತು. ಅದರಲ್ಲಿ ನಾಲ್ಕು ಬೇರೆಬೇರೆ ಹೇಳಿಕೆಗಳಿದ್ದವು: ಕಟ್ಟಿಸಿದವರು, ಬಳಸಿದವರು, ಕೊಳದ ಅಳತೆ, ನೀರಿನಲ್ಲಿ ತೇಲಿದ್ದು. ಅಳತೆಯನ್ನು ಯಾರು ಬೇಕಾದರೂ ಇವತ್ತು ಹೋಗಿ ಟೇಪು ಹಿಡಿದು ನೋಡಬಹುದು. ಉಳಿದ ಮೂರಕ್ಕೆ ಹಾಗೆ ಮುಟ್ಟಿ ತೋರಿಸುವ ಆಧಾರವಿಲ್ಲ.

ಆಗ ಯಾರೋ ಒಬ್ಬರು ಸುಲಭದ ದಾರಿ ಸೂಚಿಸಿದರು. ಕೊನೆಯಲ್ಲಿ ‘ಎನ್ನಲಾಗುತ್ತದೆ’ ಸೇರಿಸಿ ಮುಗಿಸೋಣ ಎಂದು. ಪತ್ರಿಕೆಗಳಲ್ಲಿ ದಿನಾ ನಡೆಯುವ ಕೆಲಸವಿದು. ಇದನ್ನು ಒಪ್ಪಬಾರದೆಂದು ನಾನು ಹಟ ಹಿಡಿದೆ. ಕನ್ನಡದ ವಾಕ್ಯದಲ್ಲಿ ಕ್ರಿಯಾಪದ ಕೊನೆಗೆ ಕೂರುತ್ತದೆ; ಅಲ್ಲಿ ಅನುಮಾನ ಇಟ್ಟರೆ ಅದು ಹಿಂದಕ್ಕೆ ಹರಿದು ಇಡೀ ವಾಕ್ಯವನ್ನು ನೆನೆಸುತ್ತದೆ. ಅಳೆದು ನೋಡಿದ 15 ಮೀಟರೂ ‘ಎನ್ನಲಾಗುತ್ತದೆ’, ಯಾರೂ ಕಾಣದ ಹೂವೂ ‘ಎನ್ನಲಾಗುತ್ತದೆ’. ಯಾವುದನ್ನು ಪೂರ್ತಿ ನಂಬಬೇಕು, ಯಾವುದನ್ನು ಕತೆಯೆಂದು ಕೇಳಿಸಿಕೊಳ್ಳಬೇಕು ಎಂದು ಓದುಗರಿಗೆ ತಿಳಿಯುವುದೇ ಇಲ್ಲ. ಅನುಮಾನ ಎಲ್ಲಿದೆಯೋ ಅಲ್ಲೇ ಅದನ್ನು ಕಟ್ಟಿಹಾಕಬೇಕು. ಇಲ್ಲಿ ಅನುಮಾನ ಇದ್ದದ್ದು ಹೆಸರಿನಲ್ಲಿ. ಹಾಗಾಗಿ ‘ಎಂದು ಹೆಸರಾದ’ ಎಂಬ ಎರಡು ಪದ ಹೆಸರಿನ ಬೆನ್ನಿಗೇ ಬಂದವು. ನಿಮಗೆ ಸುತ್ತುಬಳಸು ಅನಿಸಿದ್ದು ಅದೇ.

ಹೆಸರನ್ನೇ ಏಕೆ ಅನುಮಾನಿಸಬೇಕು? 1565ರ ಯುದ್ಧದ ನಂತರ ವಿಜಯನಗರ ಹಾಳು ಬಿತ್ತು. ಕಾಲಿನ್ ಮೆಕೆಂಜಿ ಅಲ್ಲಿ ಅಳತೆ ಮಾಡಿ ನಕ್ಷೆ ಬರೆಸಿದ್ದು 1799ರಲ್ಲಿ, ಅಲೆಕ್ಸಾಂಡರ್ ಗ್ರೀನ್‌ಲಾ ಫೋಟೋ ತೆಗೆದದ್ದು 1856ರಲ್ಲಿ. ನಡುವೆ ಇನ್ನೂರು ವರ್ಷಕ್ಕೂ ಮೀರಿದ ಅಂತರ. ಕಟ್ಟಡಗಳ ಉಪಯೋಗ ಕಂಡಿದ್ದವರು ಯಾರೂ ಉಳಿದಿರಲಿಲ್ಲ. ಉಳಿದದ್ದು ಗೋಡೆ, ಕಮಾನು, ಸುತ್ತಮುತ್ತಲಿನ ಊರಿನವರ ಮಾತು. ಕಮಲ ಮಹಲು, ರಾಣೀವಾಸ, ಕಾವಲು ಗೋಪುರ ಮುಂತಾಗಿ ನಾವು ಇಂದು ಹೇಳುವ ಹೆಸರುಗಳಲ್ಲಿ ಬಹಳಷ್ಟು ಈ ಆಮೇಲಿನ ಕಾಲದವು. ಚೆಲುವಾದ ಕಟ್ಟಡ ಕಂಡರೆ ಹೆಂಗಸರದು, ಎತ್ತರದ್ದು ಕಂಡರೆ ಕಾವಲಿನದು ಎಂಬ ಊಹೆ ಇವುಗಳ ಹಿಂದೆ ಕೆಲಸ ಮಾಡಿದೆ. 1980ರಿಂದ ಜಾನ್ ಫ್ರಿಟ್ಜ್ ಮತ್ತು ಜಾರ್ಜ್ ಮಿಶೆಲ್ ತಂಡ ಇಡೀ ಪ್ರದೇಶವನ್ನು ದಾಖಲಿಸಲು ಹೊರಟಾಗ ನೆಲವನ್ನು ಚೌಕಗಳಾಗಿ ವಿಂಗಡಿಸಿ, ಒಂದೊಂದು ಅವಶೇಷಕ್ಕೂ ಅಕ್ಷರ ಮತ್ತು ಅಂಕಿಯ ಗುರುತು ಕೊಟ್ಟಿತು. ಕತೆ ಅಂಟದ ಗುರುತು. ಆದರೆ ಎರಡು ಸಾಲಿನ ಚೌಕದಲ್ಲಿ ಅಂಥ ಗುರುತು ಕೊಟ್ಟರೆ ಓದುವವರಿಗೆ ಯಾವ ಕಟ್ಟಡವೆಂದೇ ಗೊತ್ತಾಗದು. ಜನರ ಬಾಯಲ್ಲಿರುವ ಹೆಸರು ಬೇಕೇ ಬೇಕು. ಅದು ಜನ ಇಟ್ಟ ಹೆಸರು ಎಂಬ ಸೂಚನೆಯೂ ಬೇಕು.

ಜಾಗವನ್ನೂ ಗಮನಿಸಿ. ರಾಣೀವಾಸ ಎಂದು ಕರೆಯುವ, ಕಮಲ ಮಹಲು ಇರುವ ಆವರಣ ಅರಮನೆ ಪ್ರಾಂಗಣದ ಉತ್ತರ ಭಾಗಕ್ಕಿದೆ. ಸ್ನಾನಗೃಹ ಇರುವುದು ಆಗ್ನೇಯಕ್ಕೆ, ಕಮಲಾಪುರದ ಕಡೆಯಿಂದ ಬರುವವರಿಗೆ ಮೊದಲು ಸಿಗುವ ಜಾಗದಲ್ಲಿ. ರಾಣಿಯರು ದಿನಾ ಮೀಯಲು ಅಷ್ಟು ದೂರ ಬರುತ್ತಿದ್ದರೇ ಎಂದು ನಮ್ಮಲ್ಲೊಬ್ಬರು ಕೇಳಿದರು. ಕೇಳಬೇಕಾದ ಪ್ರಶ್ನೆಯೇ. ಆದರೆ ಅದರಿಂದಲೂ ತೀರ್ಪು ಕೊಡಲಾಗದು, ಏಕೆಂದರೆ ರಾಣೀವಾಸ ಎಂಬುದೂ ಊಹೆಯ ಹೆಸರೇ.

ಇನ್ನು ಕಟ್ಟಡ. ಅದರ ಹತ್ತಿರ ನಿಂತರೆ ಅಚ್ಚರಿಗೆ ಹೂವು, ತೈಲ ಬೇಕಾಗುವುದಿಲ್ಲ. ಹೊರಗಿನಿಂದ ಅದು ಸುಮಾರು 30 ಮೀಟರ್ ಚದರದ ಬೋಳು ಗೋಡೆ. ಉಗ್ರಾಣವೋ ಏನೋ ಎನ್ನುವಷ್ಟು ಸಾದಾ. ಸುತ್ತಲೂ ಕಂದಕದಂಥ ಕಾಲುವೆ. ಒಳಗೆ ಕಾಲಿಟ್ಟರೆ ಲೋಕವೇ ಬೇರೆ. ನಡುವೆ ಆಕಾಶಕ್ಕೆ ತೆರೆದ ಕೊಳ, ಆಳ ಸುಮಾರು 1.8 ಮೀಟರ್, ಇಳಿಯಲು ಮೆಟ್ಟಿಲು. ಕೊಳದ ನಾಲ್ಕೂ ಬದಿಗೆ ಕಮಾನುಗಳ ಮೊಗಸಾಲೆ. ಮೊಗಸಾಲೆಯಿಂದ ನೀರಿನ ಮೇಲಕ್ಕೆ ಚಾಚಿಕೊಂಡ ಉಪ್ಪರಿಗೆಗಳು, ಅವುಗಳಲ್ಲಿ ಪುಟ್ಟ ಕಿಟಕಿಗಳು, ಅವುಗಳನ್ನು ಹೊತ್ತ ಚಾಚುಗಳ ತುದಿಯಲ್ಲಿ ತಾವರೆಯ ಮೊಗ್ಗು. ಇದೆಲ್ಲ ಇಟ್ಟಿಗೆ ಮತ್ತು ಗಾರೆಯ ಕೆಲಸ. ಮೊಗಸಾಲೆಯಲ್ಲಿ ಕತ್ತೆತ್ತಿ ನಡೆಯಿರಿ: ಒಂದು ಅಂಕಣದ ಮಾಡಿನ ಗಾರೆ ವಿನ್ಯಾಸ ಮುಗಿದು ಇನ್ನೊಂದಕ್ಕೆ ಬಂದಾಗ ಅಲ್ಲಿ ಬೇರೆಯದೇ ಮಾದರಿ. ಅರ್ಧ ಉದುರಿಹೋದ ಆ ಗಾರೆಯ ಎಸಳುಗಳಲ್ಲಿ ಕುಶಲಕರ್ಮಿಯ ಬೆರಳಿನ ಹದ ಈಗಲೂ ತಿಳಿಯುತ್ತದೆ. ಇಂಥ ಕಟ್ಟಡವನ್ನು ‘ರಾಣಿಯರದು’ ಎಂಬ ಒಂದೇ ಮಾತಿನಿಂದ ಮುಗಿಸಿಬಿಡುವುದು ನನಗೆ ನೋವಿನ ವಿಷಯ.

ರೂಪ ನೋಡಿದರೆ ಇದು ಖಾಸಗಿ ಮಜ್ಜನದ ಮನೆಗಿಂತ, ಅರಮನೆಯವರು ಉಪ್ಪರಿಗೆಯಲ್ಲಿ ಕೂತು ನೀರಿನ ತಂಪು ಸವಿಯುತ್ತಿದ್ದ ಜಲವಿಹಾರದ ಮಂಟಪದಂತೆ ತೋರುತ್ತದೆ. ವಾಸ್ತುಶಿಲ್ಪ ಬಲ್ಲ ವಿದ್ವಾಂಸರಲ್ಲಿ ಹಲವರ ಅಭಿಪ್ರಾಯ ಇದೇ ದಿಕ್ಕಿನದು. ನನ್ನ ಒಲವೂ ಅದೇ. ಹಾಗೆಂದು ಚೌಕದಲ್ಲಿ ‘ಇದು ರಾಣಿಯರದಲ್ಲ’ ಎಂದು ಬರೆಯಲಿಲ್ಲ. ಅವರು ಅಲ್ಲಿ ಮಿಂದಿರಲೂಬಹುದು. ಒಂದು ಊಹೆಯನ್ನು ಕೆಳಗಿಳಿಸಿ ಇನ್ನೊಂದನ್ನು ಪಟ್ಟಕ್ಕೇರಿಸುವುದು ನಮ್ಮ ಕೆಲಸವಲ್ಲ. ಕಂದಕದ ವಿಷಯದಲ್ಲೂ ಹಾಗೇ ಮಾಡಿದೆವು. ಪರಪುರುಷರು ಬಾರದಿರಲಿ ಎಂದು ಅದನ್ನು ತೋಡಿಸಿದರು ಎನ್ನುವುದುಂಟು. ಕಾಲುವೆ ಇರುವುದು ಕಣ್ಣಿಗೆ ಕಾಣುವ ಸತ್ಯ, ಅದರ ಉದ್ದೇಶ ಊಹೆ. ಕಾಲುವೆಯನ್ನು ಇಟ್ಟುಕೊಂಡೆವು.

ಎಲ್ಲಕ್ಕಿಂತ ಹೆಚ್ಚು ವಾದ ನಡೆದದ್ದು ಡೊಮಿಂಗೊ ಪಾಯೆಸ್‌ನ ಮಾತಿನ ಮೇಲೆ. ಪೋರ್ಚುಗೀಸರ ಈ ಪಾಯೆಸ್ 1520ರ ಸುಮಾರಿಗೆ ವಿಜಯನಗರದಲ್ಲಿದ್ದು ಕಂಡದ್ದನ್ನು ಬರೆದಿಟ್ಟ. ರಾಬರ್ಟ್ ಸೂಯೆಲ್ 1900ರಲ್ಲಿ ಅದನ್ನು ಇಂಗ್ಲಿಷಿಗೆ ತಂದ. ಕೃಷ್ಣದೇವರಾಯನ ಮುಂಜಾನೆಯನ್ನು ಪಾಯೆಸ್ ವಿವರಿಸುತ್ತಾನೆ. ಬೆಳಕು ಹರಿಯುವ ಮೊದಲೇ ರಾಜ ಎಳ್ಳೆಣ್ಣೆ ಕುಡಿಯುತ್ತಾನೆ, ಮೈಗೂ ಅದೇ ಎಣ್ಣೆ ಹಚ್ಚಿಸಿಕೊಳ್ಳುತ್ತಾನೆ. ಭಾರ ಎತ್ತುತ್ತಾನೆ, ಎಣ್ಣೆಯೆಲ್ಲ ಬೆವರಾಗಿ ಇಳಿಯುವ ತನಕ ಕತ್ತಿ ಬೀಸುತ್ತಾನೆ, ಜಟ್ಟಿಯೊಬ್ಬನ ಜೊತೆ ಕುಸ್ತಿ ಹಿಡಿಯುತ್ತಾನೆ, ಕುದುರೆ ಓಡಿಸುತ್ತಾನೆ. ಆಮೇಲೆ ಸ್ನಾನ, ಮೀಯಿಸುವವನು ರಾಜನಿಗೆ ಬೇಕಾದ ಒಬ್ಬ ಬ್ರಾಹ್ಮಣ. ಅದಾದ ಮೇಲೆ ಪೂಜೆ.

ಇದಕ್ಕಿಂತ ಒಳ್ಳೆಯ ‘ನಿಮಗಿದು ಗೊತ್ತೇ?’ ಎಲ್ಲಿ ಸಿಗಬೇಕು? ಅರಮನೆಯ ಸ್ನಾನದ ಬಗ್ಗೆ ಆ ಕಾಲದವನೇ ಬರೆದ ಮಾತು, ಅದೂ ರಾಜನದು. ಮೇಜಿನ ಸುತ್ತ ಎಲ್ಲರ ಮುಖ ಅರಳಿತು. ಎರಡನ್ನೂ ಸೇರಿಸಿ ಕೂಡಲೇ ಒಂದು ಸಾಲು ಹುಟ್ಟಿತು: ‘ಎಳ್ಳೆಣ್ಣೆ ಕುಡಿದು, ಕುಸ್ತಿ ಮಾಡಿ ಬಂದ ಕೃಷ್ಣದೇವರಾಯ ಹಂಪಿಯ ಈ ಕೊಳದಲ್ಲಿ ಸ್ನಾನ ಮಾಡುತ್ತಿದ್ದ.’ ಪರಿಶೀಲನೆಯವರು ಇದನ್ನೂ ತಡೆದರು, ಸರಿಯಾಗಿಯೇ ತಡೆದರು. ಪಾಯೆಸ್ ರಾಜನ ಸ್ನಾನವನ್ನು ಹೇಳುತ್ತಾನೆಯೇ ಹೊರತು ಅದು ಈ ಕಟ್ಟಡದಲ್ಲಿ ನಡೆಯಿತೆಂದು ಹೇಳುವುದಿಲ್ಲ. ಸ್ನಾನ ಖಚಿತ, ಕಟ್ಟಡವೂ ಖಚಿತ. ಎರಡರ ನಡುವೆ ಹಾಕಿದ ಗಂಟು ಮಾತ್ರ ನಮ್ಮದು. ಕಿರುಮಾಹಿತಿಯ ಸಾಲುಗಳಲ್ಲಿ ಸುಳ್ಳು ನುಸುಳುವುದು ಹೆಚ್ಚಾಗಿ ಇಂಥ ಗಂಟಿನಿಂದಲೇ. ತಪ್ಪು ಇಸವಿಯನ್ನು ಯಾರಾದರೂ ಪತ್ರ ಬರೆದು ತಿದ್ದುತ್ತಾರೆ. ಎರಡು ನಿಜಗಳನ್ನು ಹೊಲಿದು ಮಾಡಿದ ತಪ್ಪನ್ನು ಯಾರೂ ಹಿಡಿಯುವುದಿಲ್ಲ, ಬಿಡಿಸಿ ನೋಡಿದರೆ ಎರಡೂ ತುಂಡು ಸರಿಯಾಗಿಯೇ ಇರುತ್ತವೆ. ಮುಂದೆ ಅದು ಶಾಲೆಯ ಕ್ವಿಜ್‌ಗೆ ಹೋಗುತ್ತದೆ, ವಾಟ್ಸ್‌ಆ್ಯಪ್‌ಗೆ ಹೋಗುತ್ತದೆ, ಪ್ರವಾಸಿ ಕೈಪಿಡಿಗೆ ಹೋಗಿ ಅಲ್ಲಿಂದ ‘ಆಧಾರ’ವಾಗಿ ನಮ್ಮ ಮೇಜಿಗೇ ಮರಳುತ್ತದೆ.

ಕೊನೆಗೆ ಅಚ್ಚಾದ ಸಾಲು ನಿಮಗೆ ಗೊತ್ತೇ ಇದೆ: ‘ಹಂಪಿಯ ರಾಣಿಯರ ಸ್ನಾನಗೃಹ ಎಂದು ಹೆಸರಾದ ಕಟ್ಟಡದ ಹೊರಗೋಡೆಯಲ್ಲಿ ಅಲಂಕಾರವಿಲ್ಲ, ಒಳಗಿನ ಮೊಗಸಾಲೆಯ ಮಾಡುಗಳಲ್ಲಿ ಬಗೆಬಗೆಯ ಗಾರೆ ಕೆತ್ತನೆಗಳಿವೆ.’ ಅಚ್ಯುತರಾಯ ಹೋದ, ಹೂವು ಹೋಯಿತು. ‘ಬಗೆಬಗೆಯ’ ಎಂಬಲ್ಲಿ ಮೊದಲು ‘ಒಂದರಂತೆ ಇನ್ನೊಂದಿಲ್ಲದ’ ಎಂದಿತ್ತು. ಎಷ್ಟೋ ಕಡೆ ಗಾರೆ ಉದುರಿರುವಾಗ ಅಷ್ಟು ಖಡಾಖಂಡಿತ ಮಾತು ಬೇಡವೆಂದು ಭಾಷೆ ತಿದ್ದುವವರೇ ಬದಲಿಸಿದರು. ಅಳತೆಗಳನ್ನು ಫೋಟೋದ ಕೆಳಗಿನ ಸಾಲಿಗೆ ಸರಿಸಿದೆವು.

ನಿಮಗೆ ಅಲ್ಲಿ ಕತೆ ಹೇಳಿದವರನ್ನು ನಾನು ಹಳಿಯುತ್ತಿಲ್ಲ. ಹಂಪಿಯ ಮಾರ್ಗದರ್ಶಿಗಳು ಬಿಸಿಲಲ್ಲಿ ನಿಂತು ಒಣಗಿದ ಕೊಳವೊಂದಕ್ಕೆ ನೀರು ತುಂಬಿ ತೋರಿಸಬೇಕು. ಅದಕ್ಕೆ ಕತೆ ಬೇಕು, ಊರವರ ಬಾಯಲ್ಲಿ ಬಂದ ಆ ಕತೆಗೂ ತನ್ನದೇ ಬೆಲೆಯಿದೆ. ಕೇಳುವವರು ಎದುರಿಗೇ ಇರುತ್ತಾರೆ, ‘ಹೌದೇ?’ ಎಂದು ತಿರುಗಿ ಕೇಳಬಹುದು. ಅಚ್ಚಾದ ಸಾಲಿಗೆ ಆ ಅವಕಾಶವಿಲ್ಲ. ನೀವು ಪತ್ರ ಬರೆದು ಕೇಳಿದಿರಿ, ಅದಕ್ಕಾಗಿ ಇಷ್ಟು ಉದ್ದ ಬರೆದೆ.

ಪಾಯೆಸ್‌ನ ಎಳ್ಳೆಣ್ಣೆಯನ್ನು ನಾವು ಕೈಬಿಟ್ಟಿಲ್ಲ. ಅದು ಇನ್ನೊಂದು ಸಂಚಿಕೆಯ ಚೌಕಕ್ಕೆ ಪಾಯೆಸ್‌ನ ಹೆಸರಿನೊಂದಿಗೇ, ಯಾವ ಕಟ್ಟಡದ ಫೋಟೋವೂ ಇಲ್ಲದೆ ಹೋಗುತ್ತದೆ.