ಒಂದು ಹಗಲಿನ ಹಂಪಿ: ತೋರಿಸುತ್ತಾ ನಾನು ಕಲಿತದ್ದು

ಬೆಳಿಗ್ಗೆ ಹೊಸಪೇಟೆಯಲ್ಲಿ ರೈಲಿಳಿಯುವ ಬಹಳಷ್ಟು ಜನ ಅದೇ ರಾತ್ರಿಯ ರೈಲಿಗೆ ಊರಿಗೆ ಹೊರಡಬೇಕು. ನಡುವೆ ಸಿಗುವುದು ಒಂದೇ ಹಗಲು. ಆ ಹಗಲನ್ನು ನನ್ನ ಕೈಗೆ ಕೊಟ್ಟು, "ಹಂಪಿ ತೋರಿಸ್ರಿ" ಅನ್ನುತ್ತಾರೆ. ಕಮಲಾಪುರದವನಾದ ನಾನು ಈ ಕೆಲಸಕ್ಕೆ ಬಂದು ಹದಿನೆಂಟು ವರ್ಷವಾಯಿತು. ಮೊದಲ ಕೆಲವು ವರ್ಷ ನನ್ನ ಜೊತೆ ನಡೆದವರಿಗೆ ನಾನು ಸರಿಯಾಗಿ ಏನನ್ನೂ ತೋರಿಸಲಿಲ್ಲ ಎಂಬ ಕೊರಗು ಈಗಲೂ ಇದೆ. ಹೊಸದಾಗಿ ಈ ಕೆಲಸಕ್ಕೆ ಬರುವ ಹುಡುಗರಿಗೂ ಹಂಪಿಗೆ ಬರುವ ನಿಮಗೂ ಉಪಯೋಗವಾದೀತೆಂದು ಆ ತಪ್ಪುಗಳನ್ನು ಇಲ್ಲಿ ಬರೆಯುತ್ತಿದ್ದೇನೆ.

1. ಪಟ್ಟಿ ಉದ್ದವಾದರೆ ಯಾವುದೂ ಉಳಿಯುವುದಿಲ್ಲ.

ಮೊದಮೊದಲು ನನ್ನ ಪಟ್ಟಿಯಲ್ಲಿ ಇಪ್ಪತ್ತೆರಡು ಜಾಗಗಳಿದ್ದವು. ಜನ ದುಡ್ಡು ಕೊಟ್ಟಿದ್ದಾರೆ, ಒಂದನ್ನೂ ಬಿಡಬಾರದು ಎಂಬ ಆತಂಕ. ದಾವಣಗೆರೆ ಕಡೆಯ ಒಂದು ಕುಟುಂಬವನ್ನು ಸಾಸಿವೆಕಾಳು ಗಣಪನಿಂದ ಹಿಡಿದು ಆನೆ ಲಾಯದವರೆಗೆ ಉಸಿರು ಬಿಡದಂತೆ ನಡೆಸಿದೆ. ಸಂಜೆ ಚಹಾದಂಗಡಿಯಲ್ಲಿ ಕೂತಾಗ ಯಜಮಾನರು ಫೋನಿನಲ್ಲಿ ಒಂದು ಫೋಟೊ ತೆಗೆದು ಮಗಳನ್ನು ಕೇಳಿದರು: "ಇದ್ಯಾವ ಗುಡಿ ಪುಟ್ಟಾ?" ಮಗಳು ತಾಯಿಯ ಮುಖ ನೋಡಿದಳು, ತಾಯಿ ನನ್ನ ಮುಖ ನೋಡಿದರು. ಅದು ಕೃಷ್ಣನ ಗುಡಿ. ಅಲ್ಲಿ ನಾವು ನಿಂತದ್ದು ಆರೇಳು ನಿಮಿಷ.

ಈಗ ದಿನಕ್ಕೆ ಏಳು ಜಾಗ, ಹೆಚ್ಚೆಂದರೆ ಎಂಟು. ಕೃಷ್ಣನ ಗುಡಿಗೆ ಹೋದರೆ ಅರ್ಧ ಗಂಟೆ ಅಲ್ಲೇ. ಕೃಷ್ಣದೇವರಾಯ ಉದಯಗಿರಿ ಕೋಟೆ ಗೆದ್ದು ಅಲ್ಲಿಂದ ಬಾಲಕೃಷ್ಣನ ಮೂರ್ತಿ ತಂದ, ಅದಕ್ಕೆಂದೇ ಈ ಗುಡಿ ಎದ್ದಿತು, 1515ರಲ್ಲಿ ಪ್ರತಿಷ್ಠೆಯಾಯಿತು, ಆ ಮೂರ್ತಿ ಈಗ ಚೆನ್ನೈನ ವಸ್ತುಸಂಗ್ರಹಾಲಯದಲ್ಲಿದೆ. ಇಷ್ಟನ್ನು ಬರಿದಾದ ಗರ್ಭಗುಡಿಯ ಮುಂದೆ ನಿಂತು ನಿಧಾನವಾಗಿ ಹೇಳಿದರೆ ಜನ ಆ ಗುಡಿಯನ್ನು ಮರೆಯುವುದಿಲ್ಲ. ಬಿಟ್ಟುಹೋದ ಜಾಗಗಳ ಬಗ್ಗೆ ಯಾರೂ ಇದುವರೆಗೆ ದೂರಿಲ್ಲ. ಇನ್ನೊಮ್ಮೆ ಬರುತ್ತೇವೆ ಅಂದಿದ್ದಾರೆ, ಕೆಲವರು ಬಂದಿದ್ದಾರೆ ಕೂಡ.

2. ಬಿಸಿಲನ್ನು ಕೇಳಿ ದಾರಿ ಹಾಕಬೇಕು.

ಒಂದು ಏಪ್ರಿಲ್‌ನಲ್ಲಿ ನಡುಮಧ್ಯಾಹ್ನ ಒಂದು ತಂಡವನ್ನು ಮಹಾನವಮಿ ದಿಬ್ಬ ಹತ್ತಿಸಿದೆ. ಮೇಲೆ ನೆರಳೆಂಬುದಿಲ್ಲ. ನಾನು ದಸರೆಯ ವೈಭವವನ್ನೂ, 1520ರ ಸುಮಾರಿಗೆ ಬಂದಿದ್ದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯಸ್ ಅದನ್ನು ಕಂಡು ಬರೆದದ್ದನ್ನೂ ಹುರುಪಿನಿಂದ ಹೇಳುತ್ತಿದ್ದೆ. ಹಿಂದೆ ನಿಂತಿದ್ದ ಹಿರಿಯರೊಬ್ಬರು ಮೆಲ್ಲಗೆ ಕುಸಿದು ಕೂತರು. ತಲೆಸುತ್ತು. ಇಬ್ಬರು ತೋಳು ಹಿಡಿದು ಇಳಿಸಿ, ಮರದಡಿ ಮಲಗಿಸಿ, ನೀರು ಕುಡಿಸಿದೆವು. ಅರ್ಧ ಗಂಟೆಯಲ್ಲಿ ಚೇತರಿಸಿಕೊಂಡರು. ಅವರು ಆಗಲೇ ಎರಡು ಸಲ ಹಣೆ ಒರೆಸಿಕೊಂಡದ್ದು ನನ್ನ ಕಣ್ಣಿಗೆ ಬಿದ್ದಿತ್ತು, ಆದರೂ ಮಾತು ನಿಲ್ಲಿಸಿರಲಿಲ್ಲ.

ಬಂಡೆಗಳೇ ತುಂಬಿದ ಊರು ನಮ್ಮದು. ಗಾಳಿ ತಣ್ಣಗಾದರೂ ಕಲ್ಲು ತಣ್ಣಗಾಗುವುದಿಲ್ಲ. ವಿರೂಪಾಕ್ಷನ ಗುಡಿಯಲ್ಲಿ ಚಪ್ಪಲಿ ಬಿಡಬೇಕು, ಹೊತ್ತೇರಿದ ಮೇಲೆ ಅಲ್ಲಿನ ಅಂಗಳದ ಚಪ್ಪಡಿ ಅಂಗಾಲು ಸುಡುತ್ತದೆ. ಹಾಗಾಗಿ ಹೇಮಕೂಟ ಮತ್ತು ವಿರೂಪಾಕ್ಷ ಬೆಳಗಿಗೆ. ನಡುಹಗಲಿಗೆ ಊಟ, ಆಮೇಲೆ ಕಮಲಾಪುರದ ಮ್ಯೂಸಿಯಂ. ಅಲ್ಲಿ ಇಡೀ ಹಂಪಿಯ ಮಾದರಿಯಿದೆ, ಬೆಳಿಗ್ಗೆ ನಡೆದದ್ದು ಎಲ್ಲಿ ಎಂದು ಜನ ಬೆರಳಿಟ್ಟು ಗುರುತಿಸುತ್ತಾರೆ. ಶುಕ್ರವಾರ ಮ್ಯೂಸಿಯಂಗೆ ರಜೆ. ಬಾಗಿಲು ಹಾಕಿದ ಮ್ಯೂಸಿಯಂ ಮುಂದೆ ಒಂದು ತಂಡವನ್ನು ಇಳಿಸಿದ ಮೇಲೆ ಅದನ್ನೂ ಕಲಿತೆ.

3. ಕೇಳಿದ ಮಾತನ್ನು ನೋಡಿದ ಮಾತಿನಂತೆ ಹೇಳಬಾರದು.

ಇದು ನನಗೆ ತುಂಬಾ ನೋವು ಕೊಟ್ಟ ತಪ್ಪು. ಹೇಮಕೂಟದ ಮೇಲೆ ಮೆಟ್ಟಿಲು ಮೆಟ್ಟಿಲಾಗಿ ಏರುವ ಶಿಖರಗಳ ಪುಟ್ಟ ಗುಡಿಗಳಿವೆ. ಅವು ಜೈನ ಗುಡಿಗಳು ಎಂದು ಹಿರಿಯ ಗೈಡುಗಳು ಹೇಳುವುದನ್ನು ಕೇಳಿದ್ದೆ, ಹಾಗೆಯೇ ಹೇಳುತ್ತಿದ್ದೆ. ಒಮ್ಮೆ ಜೈನ ಕುಟುಂಬವೊಂದು ಬಂದಿತ್ತು. ಬಸದಿ ನೋಡಬೇಕು ಅಂದರು. ಹೆಮ್ಮೆಯಿಂದ ಹೇಮಕೂಟಕ್ಕೆ ಕರೆದೊಯ್ದೆ. ಮನೆಯ ಹಿರಿಯರು ಒಂದೊಂದು ಗುಡಿಯ ಬಾಗಿಲಿಗೂ ಹೋಗಿ, ಬಾಗಿಲವಾಡದ ಮೇಲೆ ಜಿನಬಿಂಬಕ್ಕಾಗಿ ಹುಡುಕಿದರು. ಕೊನೆಗೆ ನನ್ನ ಹತ್ತಿರ ಬಂದು ಮೆತ್ತಗೆ ಹೇಳಿದರು: "ಇವು ಶಿವಾಲಯ ಇದ್ದಂಗ ಕಾಣ್ತಾವ್ರಿ."

ಅವರು ಹೇಳಿದ್ದೇ ಸರಿ. ಅಲ್ಲಿನ ತ್ರಿಕೂಟ ಗುಡಿಯೊಂದನ್ನು ಕಟ್ಟಿಸಿದವನು ವೀರ ಕಂಪಿಲದೇವ, 14ನೇ ಶತಮಾನದ ಆರಂಭದಲ್ಲಿ. ಲಿಂಗಗಳನ್ನು ಪ್ರತಿಷ್ಠಾಪಿಸಿದ್ದಾಗಿ ಅವನ ಶಾಸನವೇ ಅಲ್ಲಿದೆ. ಇನ್ನೂ ಬೇಸರದ ಸಂಗತಿಯೆಂದರೆ, ನಿಜವಾದ ಬಸದಿಯನ್ನು ನಾನು ಅವರಿಗೆ ತೋರಿಸಲೇ ಇಲ್ಲ. ಕಂಪ್ಲಿ ರಸ್ತೆಯಲ್ಲಿರುವ ಗಾಣಗಿತ್ತಿ ಬಸದಿಯನ್ನು ಇಮ್ಮಡಿ ಹರಿಹರನ ಕಾಲದಲ್ಲಿ, 1385ರಲ್ಲಿ, ಇರುಗಪ್ಪ ದಂಡನಾಯಕ ಕಟ್ಟಿಸಿದ. ಎದುರಿನ ಕಂಬದ ಮೇಲೆ ಶಾಸನವಿದೆ. ನಾನು ದಿನವೂ ಅದರ ಮುಂದೆಯೇ ಓಡಾಡುತ್ತಿದ್ದೆ.

ಅಂದಿನಿಂದ ಶಾಸನಗಳ ಬಗ್ಗೆ ತಿಳಿದವರ ಬೆನ್ನು ಹತ್ತಿದೆ. 1439ರಲ್ಲಿ ಅಹ್ಮದ್ ಖಾನ್ ಎಂಬವನು ಕಟ್ಟಿಸಿದ ಮಸೀದಿಯ ಕನ್ನಡ ಶಾಸನ ಆ ಕಟ್ಟಡವನ್ನು ಧರ್ಮಸಾಲೆ ಎಂದು ಕರೆಯುತ್ತದೆ ಎಂಬುದು ಗೊತ್ತಾದದ್ದೂ ಹಾಗೆಯೇ. ಈಗ ಯಾರಾದರೂ ಕೇಳಿದ್ದಕ್ಕೆ ಉತ್ತರ ತಿಳಿಯದಿದ್ದರೆ, "ನನಗೆ ಗೊತ್ತಿಲ್ಲ, ಕೇಳಿ ತಿಳಿಸ್ತೀನಿ" ಅನ್ನುತ್ತೇನೆ. ಕೇಳಿ ತಿಳಿಸುತ್ತೇನೆ ಕೂಡ.

4. ಈಗ ಇಲ್ಲದ್ದನ್ನೂ ತೋರಿಸಬೇಕು.

1528ರ ನರಸಿಂಹನ ಮುಂದೆ ಎಲ್ಲರೂ ನಿಲ್ಲುತ್ತಾರೆ. 6.7 ಮೀಟರ್ ಎತ್ತರದ ಏಕಶಿಲಾ ಮೂರ್ತಿ, ಹೊರಚಾಚಿದ ಕಣ್ಣುಗಳು. ನಾನೂ ಬಹಳ ಕಾಲ "ಇವನು ಉಗ್ರನರಸಿಂಹ" ಎಂದು ಹೇಳಿ ಮುಂದಕ್ಕೆ ಹೋಗುತ್ತಿದ್ದೆ. ಒಂದು ದಿನ ನನ್ನ ತಂಡದಲ್ಲಿದ್ದ ಅಕ್ಕನೊಬ್ಬರು ಪಕ್ಕಕ್ಕೆ ಸರಿದು, ಬಗ್ಗಿ ನೋಡಿ, "ಇದ್ಯಾರ ಕೈರೀ, ಇವನ ಬೆನ್ನ ಮ್ಯಾಲೆ?" ಅಂದರು. ನಾನೂ ಬಗ್ಗಿದೆ. ಒಂದು ಪುಟ್ಟ ಹೆಣ್ಣುಗೈ, ಬೆರಳುಗಳು ಆ ದೊಡ್ಡ ಬೆನ್ನಿಗೆ ಅಂಟಿಕೊಂಡಿವೆ. ತೊಡೆಯ ಮೇಲೆ ಕೂತು ಅವನನ್ನು ಬಳಸಿದ್ದ ಲಕ್ಷ್ಮಿಯ ಕೈ ಅದು. ಮೂರ್ತಿ ಒಡೆದುಹೋದರೂ ಆ ಕೈ ಬಿಟ್ಟಿಲ್ಲ. ಅವನು ಲಕ್ಷ್ಮೀನರಸಿಂಹ. ಅಷ್ಟು ವರ್ಷ ಅವನನ್ನು ಬರೀ ಉಗ್ರನನ್ನಾಗಿ ತೋರಿಸಿದ್ದಕ್ಕೆ ಅವತ್ತು ನನಗೆ ಕಣ್ಣು ತುಂಬಿತು.

ಕಲ್ಲಿನ ತೇರಿನ ಹತ್ತಿರವೂ ಈಗ ಹಾಗೆಯೇ ನಿಲ್ಲುತ್ತೇನೆ. 50 ರೂಪಾಯಿ ನೋಟಿನಲ್ಲಿರುವ ತೇರು ಎಂದು ಎಲ್ಲರಿಗೂ ಗೊತ್ತು. ಅದು ಒಂದೇ ಕಲ್ಲಿನದಲ್ಲ, ಬಿಡಿ ಕಲ್ಲುಗಳನ್ನು ಬೆಸುಗೆ ಕಾಣದಂತೆ ಜೋಡಿಸಿದ ಗರುಡನ ಗುಡಿ. ಮುಂದಿರುವ ಆನೆಗಳ ಹಿಂದೆ ಇಣುಕಿದರೆ ಕುದುರೆಯ ಬಾಲಗಳ ಗುರುತಿದೆ, ಮೊದಲು ಇದ್ದದ್ದು ಕುದುರೆಗಳು. ಅಲೆಕ್ಸಾಂಡರ್ ಗ್ರೀನ್‌ಲಾ 1856ರಲ್ಲಿ ತೆಗೆದ ಫೋಟೊದಲ್ಲಿ ತೇರಿನ ಮೇಲೆ ಇಟ್ಟಿಗೆಯ ಶಿಖರವಿದೆ. ಆ ಚಿತ್ರದ ಪ್ರತಿಯೊಂದನ್ನು ಚೀಲದಲ್ಲೇ ಇಟ್ಟುಕೊಂಡಿರುತ್ತೇನೆ. ಜನ ಚಿತ್ರ ನೋಡಿ ತೇರು ನೋಡುತ್ತಾರೆ, ತೇರು ನೋಡಿ ಮತ್ತೆ ಚಿತ್ರ ನೋಡುತ್ತಾರೆ.

5. ಬೆರಗು ಹುಟ್ಟಿಸಲೆಂದು ಕಲ್ಲಿಗೆ ಪೆಟ್ಟು ಕೊಡಬಾರದು.

ವಿಠ್ಠಲನ ಗುಡಿಯ ಸಪ್ತಸ್ವರದ ಕಂಬಗಳನ್ನು ನಾನು ಬಡಿದಿದ್ದೇನೆ. ಬೆರಳ ಗಂಟಿನಿಂದ, ಒಂದೆರಡು ಸಲ ನಾಣ್ಯದಿಂದ. ನಾದ ಬಂದಾಗ ಜನ ಚಪ್ಪಾಳೆ ತಟ್ಟುತ್ತಿದ್ದರು, ನನಗೆ ಅದೇ ಬಹುಮಾನ. ನಾನು ಬಡಿದದ್ದನ್ನು ನೋಡಿ ಒಬ್ಬ ಹುಡುಗ ನೀರಿನ ಬಾಟಲಿಯಿಂದ ಜೋರಾಗಿ ಬಡಿದ. ಅವನನ್ನು ಗದರಿಸಲು ಬಾಯಿ ತೆರೆದೆ, ಮಾತು ಹೊರಡಲಿಲ್ಲ. ಕಲಿಸಿದವನು ನಾನೇ. ಈಗ ಬಡಿಯುವುದಕ್ಕೆ ನಿಷೇಧವಿದೆ, ಅದು ಸರಿಯಾದದ್ದೇ. ಬದಲಿಗೆ ಜನರನ್ನು ಕಂಬದ ಹತ್ತಿರಕ್ಕೆ ಕರೆದು, ಒಂದೇ ಬಂಡೆಯಿಂದ ದೊಡ್ಡ ಕಂಬವನ್ನೂ ಸುತ್ತಲಿನ ಸಣ್ಣ ಕಂಬಗಳನ್ನೂ ಬಿಡಿಸಿದ ಶಿಲ್ಪಿಯ ಕೈಯನ್ನು ಊಹಿಸಿಕೊಳ್ಳಿ ಅನ್ನುತ್ತೇನೆ. ಒಂದು ಏಟು ಹೆಚ್ಚಾಗಿದ್ದರೆ ಇಡೀ ಕಂಬ ಹಾಳು. ಅದನ್ನು ಕೇಳಿದ ಮೇಲೆ ಯಾರಿಗೂ ಬಡಿಯುವ ಮನಸ್ಸಾಗುವುದಿಲ್ಲ.

6. ದೀಪ ಉರಿಯುವ ಗುಡಿಯಲ್ಲಿ ಮಾತು ತಗ್ಗಬೇಕು.

ಹಂಪಿಯ ಹೆಚ್ಚಿನ ಗುಡಿಗಳಲ್ಲಿ ದೇವರಿಲ್ಲ. ದಿನವಿಡೀ ಅಲ್ಲಿ ಗಟ್ಟಿಯಾಗಿ ಮಾತಾಡಿ ರೂಢಿಯಾದವನು ವಿರೂಪಾಕ್ಷನ ಸನ್ನಿಧಿಯಲ್ಲೂ ಹಾಗೆಯೇ ಮಾತಾಡಿದೆ. ರಂಗಮಂಟಪದ ಚಾವಣಿಯಲ್ಲಿ ಗಿರಿಜಾ ಕಲ್ಯಾಣದ ಚಿತ್ರ, ಪಲ್ಲಕ್ಕಿಯಲ್ಲಿ ವಿದ್ಯಾರಣ್ಯರು. ಈ ಮಂಟಪ 1510ರಲ್ಲಿ ಕೃಷ್ಣದೇವರಾಯನ ಪಟ್ಟಾಭಿಷೇಕದ ನೆನಪಿಗೆ ಕಟ್ಟಿಸಿದ್ದು, ಹೀಗೆ ಸಾಗಿತ್ತು ನನ್ನ ಮಾತು. ಪಕ್ಕದಲ್ಲಿ ಕೈಮುಗಿದು ನಿಂತಿದ್ದ ಅಜ್ಜಿ ತಿರುಗಿ ಅಂದರು: "ತಮ್ಮಾ, ಒಂಚೂರು ಸುಮ್ಕಿರಪಾ. ಮಂಗಳಾರತಿ ಆಗಾಕತ್ತೈತಿ." ದನಿಯಲ್ಲಿ ಸಿಟ್ಟಿರಲಿಲ್ಲ. ಆಕೆ ಎಷ್ಟು ದೂರದಿಂದ, ಯಾವ ಹರಕೆ ಹೊತ್ತು ಬಂದಿದ್ದರೋ. ಅವರ ಆ ಕ್ಷಣವನ್ನು ನಾನು ಕೆಡಿಸಿದ್ದೆ.

ಈಗ ಹೇಳಬೇಕಾದ್ದನ್ನೆಲ್ಲ ಗೋಪುರದ ಹೊರಗೇ ಹೇಳಿ ಮುಗಿಸುತ್ತೇನೆ. ಒಳಗೆ ಹೋದ ಮೇಲೆ ಬೇಕಾದವರು ಕೈಮುಗಿಯಲಿ, ಬೇಕಾದವರು ಚಿತ್ರ ನೋಡಲಿ. ನಾನು ಕಂಬಕ್ಕೆ ಒರಗಿ ನಿಲ್ಲುತ್ತೇನೆ.

7. ಮಕ್ಕಳಿಗೆ ಹೇಳಬಾರದು, ಹುಡುಕಲು ಬಿಡಬೇಕು.

ಶಾಲೆಯ ಮಕ್ಕಳಿಗೆ ಹಜಾರರಾಮನ ಗುಡಿಯಲ್ಲಿ ಸಂಗಮ, ಸಾಳುವ, ತುಳುವ, ಅರವೀಡು ಎಂದು ನಾಲ್ಕೂ ಮನೆತನಗಳನ್ನು ಒಪ್ಪಿಸುತ್ತಿದ್ದೆ. 1336ರಲ್ಲಿ ಶುರು ಮಾಡಿ 1565ಕ್ಕೆ ಮುಗಿಸುವಷ್ಟರಲ್ಲಿ ಅರ್ಧ ಮಕ್ಕಳು ನೆಲದಲ್ಲಿ ಗೀಚುತ್ತಾ ಕೂತಿರುತ್ತಿದ್ದರು. ಒಂದು ದಿನ ಗಂಟಲು ಕಟ್ಟಿತ್ತು. ಮಾತಾಡಲಾಗದೆ, "ಗೋಡೆ ಮ್ಯಾಲೆ ರಾಮಾಯಣ ಐತಿ, ಹುಡುಕ್ರಿ" ಅಂದೆ. ಐದೇ ನಿಮಿಷಕ್ಕೆ ಒಬ್ಬ ಹುಡುಗ ಕೂಗಿದ: "ಸಾರ್, ಏಳು ಮರ! ಒಂದೇ ಬಾಣ!" ಎಲ್ಲರೂ ಅಲ್ಲಿಗೆ ಓಡಿದರು. ವಾಲಿಯನ್ನು ಕೊಲ್ಲಬಲ್ಲೆ ಎಂದು ಸುಗ್ರೀವನನ್ನು ನಂಬಿಸಲು ರಾಮ ಏಳು ಮರಗಳನ್ನು ಒಂದೇ ಬಾಣದಲ್ಲಿ ಕತ್ತರಿಸಿದ ಕಥೆಯನ್ನು ಆ ಹುಡುಗನೇ ಉಳಿದವರಿಗೆ ಹೇಳಿದ. ಅವನ ಅಜ್ಜಿ ಹೇಳಿಕೊಟ್ಟಿದ್ದಳಂತೆ. ಹೊರಗೋಡೆಯ ಮೇಲೆ ಸಾಲುಸಾಲಾಗಿ ಹೋಗುವ ಆನೆ, ಕುದುರೆ, ಸೈನಿಕರು, ನರ್ತಕಿಯರನ್ನು ಮಕ್ಕಳು ತಾವೇ ಎಣಿಸಿದರು. ನನ್ನ ಗಂಟಲು ಆಮೇಲೆ ಸರಿಯಾಯಿತು, ಆದರೆ ಪಾಠ ಮಾತ್ರ ಹಾಗೆಯೇ ಉಳಿಸಿಕೊಂಡೆ.

8. ಕಾಯುವುದಕ್ಕೂ ಸಮಯ ಇಡಬೇಕು.

ವಿರೂಪಾಕ್ಷನ ಗುಡಿಯ ಹಿಂಬದಿಯಲ್ಲಿ ಒಂದು ಕತ್ತಲೆ ಕೋಣೆಯಿದೆ. ಸಣ್ಣ ಕಿಂಡಿಯೊಂದರಿಂದ ಬರುವ ಬೆಳಕು ಮುಂದಿನ ದೊಡ್ಡ ಗೋಪುರದ ನೆರಳನ್ನು ಗೋಡೆಯ ಮೇಲೆ ತಲೆಕೆಳಗಾಗಿ ಮೂಡಿಸುತ್ತದೆ. ಬೆಳಕು ನೇರವಾಗಿ ಚಲಿಸುತ್ತದೆ, ಹಾಗಾಗಿ ಕಿಂಡಿ ದಾಟುವಾಗ ಮೇಲಿನದು ಕೆಳಕ್ಕೆ, ಕೆಳಗಿನದು ಮೇಲಕ್ಕೆ. ಸುಮಾರು 50 ಮೀಟರ್ ಎತ್ತರದ ಗೋಪುರ ಅಂಗೈಯಲ್ಲಿ ಹಿಡಿದ ಗೊಂಬೆಯಂತೆ ಕಾಣುತ್ತದೆ. ಮೋಡ ಕವಿದರೆ ಏನೂ ಕಾಣದು. ಹಿಂದೆಲ್ಲ ಮೋಡವಿದ್ದರೆ, "ಇವತ್ತು ಕಾಣಂಗಿಲ್ರಿ, ನಡೀರಿ" ಎಂದು ಹೊರಡಿಸುತ್ತಿದ್ದೆ. ಮುಂದಿನ ಜಾಗ ಕಾಯುತ್ತಿರುತ್ತಿತ್ತು.

ಕಳೆದ ಶ್ರಾವಣದಲ್ಲಿ ವಯಸ್ಸಾದ ಮೇಷ್ಟರೊಬ್ಬರು ಹೆಂಡತಿಯ ಜೊತೆ ಬಂದಿದ್ದರು. ಕೋಣೆಯಲ್ಲಿ ಬರೀ ಕತ್ತಲೆ. ನಾನು ಹೊರಡೋಣ ಅನ್ನಲಿಲ್ಲ. ಮೂವರೂ ಗೋಡೆಗೆ ಮುಖ ಮಾಡಿ ಸುಮ್ಮನೆ ನಿಂತೆವು. ಹೊರಗೆ ಮೋಡ ಸರಿದಿರಬೇಕು, ಗೋಡೆಯ ಮೇಲೆ ಮೊದಲು ಮಸುಕಾಗಿ, ಆಮೇಲೆ ಅಂತಸ್ತು ಅಂತಸ್ತಾಗಿ ಗೋಪುರ ಇಳಿದು ಬಂತು. ಮೇಷ್ಟರು ಹೆಂಡತಿಯ ಕೈ ಹಿಡಿದುಕೊಂಡರು. ಕಿಂಡಿ, ಬೆಳಕು ಎಂದು ವಿವರಿಸಲು ಹೊರಟವನು ತಡೆದುಕೊಂಡೆ. ಗೋಪುರ ಮತ್ತೆ ಮಸುಕಾಗುವವರೆಗೂ ನಾವು ಅಲ್ಲೇ ಇದ್ದೆವು. ಆ ದಿನ ಆನೆ ಲಾಯ ನೋಡಲು ಹೊತ್ತು ಉಳಿಯಲಿಲ್ಲ. ಯಾರೂ ಕೇಳಲೂ ಇಲ್ಲ.