ಹೆಂಚಿನ ಕೆಳಗೊಂದು ಹೊದಿಕೆ

1865ರಲ್ಲಿ ಬಾಸೆಲ್ ಮಿಷನ್‌ನವರು ಮಂಗಳೂರಿನ ಜೆಪ್ಪುವಿನಲ್ಲಿ ಹೆಂಚಿನ ಕಾರ್ಖಾನೆ ತೆರೆದರು. ಅಂಥ ಮಂಗಳೂರು ಹೆಂಚೇ ಇಂದಿಗೂ ಕೊಡಗಿನ ಅನೇಕ ಮನೆಗಳ ಮಾಡು. ನೇರ ಮಳೆಯನ್ನು ಅದು ತಡೆಯುತ್ತದೆ. ಕಕ್ಕಡದ ಗಾಳಿ ತರುವ ಎರಚಲು ಮಾತ್ರ ಸಂದಿಯಲ್ಲಿ ನುಗ್ಗುತ್ತದೆ. ಸೋರಿಕೆ ಕಣ್ಣಿಗೆ ಬೀಳುವ ಹೊತ್ತಿಗೆ ಪಕಾಸು ಕುಂಬಾಗಿರಬಹುದು.

ಆದುದರಿಂದ ಹೆಂಚು ಹೊದಿಸುವ ಮುನ್ನ ಪಕಾಸಿನ ಮೇಲೆ ಗಟ್ಟಿ ಪ್ಲಾಸ್ಟಿಕ್ ಹಾಳೆ ಹಾಸಿರಿ. ಸೂರಿನಿಂದ ಆರಂಭಿಸಿ ಮೇಲಕ್ಕೆ ಹೋಗಿರಿ. ಮೇಲಿನ ಹಾಳೆ ಕೆಳಗಿನದರ ಮೇಲೆ 6 ಅಂಗುಲವಾದರೂ ಬರಲಿ. ತಿರುವುಮುರುವಾದರೆ ನೀರು ಮನೆಯೊಳಗೇ ಇಳಿಯುತ್ತದೆ. ಹಾಳೆಯ ಮೇಲೆ ಪಕಾಸಿನುದ್ದಕ್ಕೂ ತೆಳು ಪಟ್ಟಿ ಹೊಡೆದು, ಅನಂತರ ಅಡ್ಡ ರೀಪು ಹೊಡೆಯಿರಿ. ನುಗ್ಗಿದ ನೀರು ರೀಪಿನಡಿ ಹರಿದು ಸೂರಿಗೆ ಬೀಳುತ್ತದೆ, ಗಾಳಿಯೂ ಆಡುತ್ತದೆ.

ಹೆಂಚು ಮುಚ್ಚಿದ ಮೇಲೆ ಈ ಕೆಲಸ ಯಾರಿಗೂ ಕಾಣದು. ಮಕ್ಕಳು ಮಲಗುವ ಕೋಣೆಯನ್ನು ಕಾಯುವುದು ಅದೇ. ಮುಚ್ಚುವ ಮುನ್ನವೇ ನಿಂತು ನೋಡಿರಿ.