ದೀಪ ಮತ್ತು ಅರಿವು

ಶ್ರವಣಬೆಳಗೊಳ ನಮ್ಮ ಜಿಲ್ಲೆಯ ಚನ್ನರಾಯಪಟ್ಟಣ ತಾಲ್ಲೂಕಿನಲ್ಲಿದೆ. ಅಲ್ಲಿನ ಸುಮಾರು 58 ಅಡಿಯ ಗೊಮ್ಮಟನನ್ನು ಗಂಗರ ಮಂತ್ರಿ ಚಾವುಂಡರಾಯನು ಸುಮಾರು ಕ್ರಿ.ಶ. 981ರಲ್ಲಿ ಮಾಡಿಸಿದನು. ಇದು ಎಲ್ಲರಿಗೂ ಗೊತ್ತು. ಆದರೆ ಬಾಹುಬಲಿ ಯಾಕೆ ಹಾಗೆ ನಿಂತಿದ್ದಾನೆ ಅಂದರೆ ತುಂಬಾ ಜನ ಸುಮ್ಮನಾಗ್ತಾರೆ. ಅವನು ನಿಂತಿದ್ದು ಅರಿವಿಗಾಗಿ.

ಜೈನರ ಪ್ರಕಾರ ಜೀವದ ಗುಣವೇ ಅರಿವು. ಅದನ್ನು ಹೊರಗಿನಿಂದ ತರಬೇಕಾಗಿಲ್ಲ. ಮೋಡವು ಸೂರ್ಯನನ್ನು ಮುಚ್ಚುವಂತೆ ಕರ್ಮವು ಅದನ್ನು ಮುಚ್ಚಿರುತ್ತದೆ. ಮುಚ್ಚಿದ್ದೆಲ್ಲಾ ಹೋದರೆ ಬೆಳಗುವುದೇ ಕೇವಲಜ್ಞಾನ.

ಹಾಗಾದರೆ ಇರುವೆಯ ಜೀವ ಚಿಕ್ಕದು, ಆನೆಯ ಜೀವ ದೊಡ್ಡದಾ? ಇಲ್ಲ. ತತ್ತ್ವಾರ್ಥಸೂತ್ರ ಎಂಬ ಗ್ರಂಥದಲ್ಲಿ ಉಮಾಸ್ವಾಮಿಗಳು ಇದಕ್ಕೆ ದೀಪದ ಹೋಲಿಕೆ ಕೊಟ್ಟಿದ್ದಾರೆ. ದೀಪ ಕೋಣೆಯಲ್ಲಿದ್ದರೆ ಬೆಳಕು ಕೋಣೆಯಷ್ಟು, ಮಡಕೆಯಲ್ಲಿದ್ದರೆ ಮಡಕೆಯಷ್ಟು. ಕರೆಂಟು ಹೋದಾಗ ನಾನೂ ಮಾಡಿ ನೋಡಿದೆ. ಹಣತೆಯನ್ನು ಮಡಕೆಯೊಳಗೆ ಇಳಿಸಿದ ಕೂಡಲೇ ಗೋಡೆಯೆಲ್ಲಾ ಕತ್ತಲಾಯಿತು, ಸೂರಿನಲ್ಲಿ ಒಂದು ಉಂಡನೆ ಬೆಳಕು ಮಾತ್ರ ಉಳೀತು. ತಂಗಿ ಕಿರುಚಿದಳು. ಬಗ್ಗಿ ನೋಡಿದರೆ ದೀಪ ಮೊದಲಿನಷ್ಟೇ ಉರೀತಿತ್ತು!

ಇರುವೆಗೆ ಮೈ, ನಾಲಿಗೆ, ಮೂಗು ಹೀಗೆ ಮೂರೇ ಇಂದ್ರಿಯ ಎಂದು ಜೈನರು ಎಣಿಸುತ್ತಾರೆ. ಆದರೆ ಹೆಚ್ಚಿನ ಇರುವೆಗಳಿಗೆ ಕಣ್ಣೂ ಇದೆ. ಇದರಲ್ಲಿ ನಾನು ವಿಜ್ಞಾನದ ಕಡೆ. ಆದರೂ ದೀಪದ ಮಾತು ನನಗೆ ಸರಿ ಅನ್ನಿಸಿತು. ರಾತ್ರಿ ದೀಪಕ್ಕೆ ಬರುವ ಹುಳ ಅನ್ನಕ್ಕೆ ಬಿದ್ದು ಸಾಯಬಾರದೆಂದು ಜೈನರು ಹೊತ್ತು ಮುಳುಗುವ ಮೊದಲೇ ಉಣ್ಣುತ್ತಾರೆ.

ನಮ್ಮ ತರಗತಿಯ ಕೆಲವರು ಇರುವೆ ಸಾಲನ್ನು ಕಾಲಲ್ಲಿ ಉಜ್ಜುತ್ತಾರೆ, ಅವರೂ ಇದನ್ನು ಓದಲಿ. ‘ಬೆಲ್ಲಕ್ಕೆ ಮುತ್ತಿದರೆ ಏನ್ ಮಾಡೋದು?’ ಅಂತ ಕೇಳ್ತೀರಿ. ಡಬ್ಬಿಯ ಮುಚ್ಚಳ ತೆಗೆದು ಬಿಸಿಲಿಗಿಡಿ. ತಾವಾಗೇ ಹೋಗ್ತವೆ.

– 7ನೇ ತರಗತಿ, ಹಳೇಕೋಟೆ